ನೀಲಿ ಪದರದೊಳಗಿನ ಕುಡಗೋಲು

ಕಾಕವಿ ಎಲ್ಲಕ್ಕಿಂತ ಭಾರ, ಅದು ತಳದಲ್ಲಿ. ಅದರ ಮೇಲೆ ನೀಲಿ ಸಿರಪ್ಪು, ನೀಲಿಯ ಮೇಲೆ ವೋಡ್ಕಾ. ಚಮಚ ಬೋರಲು ಹಿಡಿದು, ಅದರ ತುದಿಯನ್ನು ಗ್ಲಾಸಿನ ಒಳಗೋಡೆಗೆ ತಾಗಿಸಿ, ಬೆನ್ನ ಮೇಲಿಂದ ಹನಿಹನಿಯಾಗಿ ಇಳಿಯಬಿಟ್ಟರೆ ಒಂದು ಇನ್ನೊಂದರಲ್ಲಿ ಸೇರುವುದಿಲ್ಲ. ಕೈ ನಡುಗಿದರೆ ಮುಗಿಯಿತು. ನನ್ನ ಗಮನ ಅಂದು ಬೆಳಗಿನಿಂದಲೇ ಬಾಗಿಲ ಕಡೆಗಿತ್ತು.

ದೀಪಾವಳಿ ಮುಗಿದ ಮೇಲಿನ ಭಾನುವಾರ. ನಿಪ್ಪಾಣಿಯಿಂದ ಹಬ್ಬಕ್ಕೆ ಬಂದ ನಾದಿನಿ ಇನ್ನೂ ಇದ್ದಳು. ಅವಳೂ ನಾನೂ ಫೋನಿನಲ್ಲಿ ಯಾರೋ ಒಬ್ಬಳು ಹೆಬ್ಬೆರಳಿನಷ್ಟು ಎತ್ತರದ ಗ್ಲಾಸಿನಲ್ಲಿ ಮೂರು ಬಣ್ಣ ನಿಲ್ಲಿಸುವುದನ್ನು ನೋಡಿ ನೋಡಿ, ಒಮ್ಮೆ ನಾವೂ ಮಾಡಬೇಕು ಎಂದು ಮಾತಾಡಿಕೊಂಡಿದ್ದೆವು. ಅವಳು ಸೀರೆಗಳ ಕೆಳಗೆ ಒಂದು ಚಪ್ಪಟೆ ವೋಡ್ಕಾ ಬಾಟಲಿಯನ್ನೂ ಕಿತ್ತಳೆ ಸಿಪ್ಪೆಯ ರುಚಿಯ ನೀಲಿ ಸಿರಪ್ಪನ್ನೂ ಇಟ್ಟು ತಂದಿದ್ದಳು. ತಳದ ಕಂದು ಪದರಕ್ಕೆ ಏನೋ ಕಾಫಿಯ ಮದ್ಯ ಬೇಕಂತೆ, ಅದರ ಹೆಸರು ಇಬ್ಬರಿಗೂ ಹೇಳಲು ಬರಲಿಲ್ಲ. ನಾನು ಡಬ್ಬಿಯಿಂದ ಕಾಕವಿ ತೆಗೆದೆ. ನನ್ನ ತವರು ರಾಯಬಾಗದ ಕಡೆ, ಕಬ್ಬಿನ ಮಂದಿ. ಗಾಣದಿಂದ ಬಂದ ಈ ತೆಳ್ಳನೆ ಬೆಲ್ಲ ಎಲ್ಲಿ ಹಾಕಿದರೂ ತಳ ಹಿಡಿಯುತ್ತದೆ ಎಂಬುದರಲ್ಲಿ ಮಾತ್ರ ನನಗೆ ಯಾವ ಸಂಶಯವೂ ಇರಲಿಲ್ಲ.

ಭಯವೆಲ್ಲ ಅತ್ತೆಯ ಮೂಗಿನದು. ಹೊರಗಿನ ಕಟ್ಟೆಯ ಮೇಲೆ ಕುಳಿತು, ಓಣಿಯ ಮೂರನೆಯ ಮನೆಯ ಒಗ್ಗರಣೆಗೆ ಇಂಗು ಹೆಚ್ಚಾಯಿತೆಂದು ಹೇಳುವ ಮೂಗು ಅದು. ಸೊಸೆ ಕುಡಿಯುತ್ತಾಳೆ ಎಂಬ ಮಾತು ಐಗಳಿಯಂಥ ಊರಿನಲ್ಲಿ ಎಷ್ಟು ದಿನ ಓಡಾಡೀತು ಎಂದು ಯೋಚಿಸುತ್ತಲೇ ನಾನು ಚಮಚ ಹಿಡಿದಿದ್ದೆ. ಹೀಗಾಗಿ ಮೊದಲನೆಯ ಗ್ಲಾಸಿನಲ್ಲಿ ಮೂರೂ ಕೂಡಿ ಒಂದಾದವು.

“ವೈನಿ, ಗಟಾರದ ನೀರು ಆತು ನೋಡ್ರಿ ಇದು,” ಎಂದಳು ನಾದಿನಿ. “ಅಷ್ಟು ಹೆದರಿದ್ರ ಹೆಂಗ? ಕಳ್ಳಭಟ್ಟಿ ಕಾಯಿಸಾಕತ್ತೀವೇನು?”

“ಸಾವಕಾಶ ಮಾತಾಡ. ಅತ್ತ್ಯಾರ ಕಿವಿನೂ ಮೂಗಿನಂಗ ಅದಾವ.”

ಮುಂದಿನವು ನಿಂತವು. ಕಿಟಕಿಯ ಬೆಳಕಿಗೆ ಹಿಡಿದರೆ ಕಂದಿನ ಮೇಲೆ ನೀಲಿ, ನೀಲಿಯ ಮೇಲೆ ಏನೂ ಇಲ್ಲದಂಥ ತಿಳಿ. ನಡುವೆ ಕೂದಲೆಳೆಯಷ್ಟು ಗಡಿ. ಒಂದರಲ್ಲಿ ಮಾತ್ರ ನೀಲಿ ಮೇಲಕ್ಕೆ ಸ್ವಲ್ಪ ಹೊಗೆಯಂತೆ ಎದ್ದಿತ್ತು. ಎದ್ದಿತ್ತೋ, ಆಮೇಲೆ ನಾನು ಹಾಗೆ ಅಂದುಕೊಂಡೆನೋ.

ಅಷ್ಟರಲ್ಲಿ ಅತ್ತೆ ಬಾಗಿಲಲ್ಲಿ ನಿಂತಿದ್ದರು.

“ಏನ್ ನಡಸೀರಿ ಇಬ್ಬರೂ ಕೂಡಿ?”

“ಶರಬತ್ತ ಯವ್ವಾ,” ಎಂದಳು ನಾದಿನಿ, ವೋಡ್ಕಾ ಬಾಟಲಿಯ ಮೇಲೆ ಸೆರಗು ಎಳೆಯುತ್ತ. “ಫೋನಿನ್ಯಾಗ ನೋಡಿದ್ವಿ.”

“ಇಷ್ಟು ಸಣ್ಣ ಗ್ಲಾಸಿನ್ಯಾಗ? ಹಂಗಂದ್ರ ಬೀಗರು ಬಂದಾಗ ಕೊಡೂ ಶರಬತ್ತ ಇರಬೇಕು. ನನಗೂ ಒಂದ ಮಾಡ್ರಿ, ನೋಡೂಣು.”

ಅತ್ತೆಯ ಗ್ಲಾಸಿಗೆ ಮೇಲಿನ ಪದರವಾಗಿ ಎಳನೀರು ಹಾಕಿದೆವು. ಅದೂ ಚೆಂದವಾಗಿಯೇ ನಿಂತಿತು. ಅವರು ಗ್ಲಾಸನ್ನು ಎರಡು ಬೆರಳಲ್ಲಿ ಎತ್ತಿ, ತುಟಿಗೆ ತಾಗಿಸದೆ ಒಂದೇ ಗುಟುಕಿಗೆ ಸುರಿದುಕೊಂಡರು. ಪದರಗಳನ್ನು ನೋಡಲೂ ಇಲ್ಲ.

“ಮ್ಯಾಲ ಸಪ್ಪಗ, ನಡುವ ಒಗರು, ಕಡಿಗೆ ಕಾಕವಿ. ಕಾಕವಿ ಒಂದ ಕೊಟ್ಟಿದ್ರ ನಡೀತಿತ್ತು,” ಎಂದು ಹೊರಗೆ ಹೋದರು. ನಾವಿಬ್ಬರೂ ಬಾಯಿಗೆ ಸೆರಗು ಒತ್ತಿಕೊಂಡು ನಕ್ಕೆವು. ಭಯ ಮುಗಿಯಿತು ಅಂದುಕೊಂಡೆ.

ಆಗ ಗಂಡ ತೋಟದಿಂದ ಬಂದರು. ಚಾಟಣಿಯಾಗಿ, ಎಂದರೆ ಬಳ್ಳಿ ಕತ್ತರಿಸಿ, ದ್ರಾಕ್ಷಿ ಹೊಸದಾಗಿ ಚಿಗುರಿದ್ದ ಹೊತ್ತು. ನೀರು ಕುಡಿಯಲು ಒಳಗೆ ಬಂದವರು ಗ್ಲಾಸುಗಳನ್ನಾಗಲಿ ವೋಡ್ಕಾವನ್ನಾಗಲಿ ನೋಡಲಿಲ್ಲ. ನೀಲಿ ಸಿರಪ್ಪಿದ್ದ ಬಾಟಲಿ ನೋಡಿದರು. ಅದರ ಬಾಯಿಯ ಅಂಚು ಒಂದು ಕಡೆ ಸಿಡಿದಿತ್ತು.

“ಈ ಬಾಟ್ಲಿ ಎಲ್ಲಿಂದ ತಂದಿ?”

“ಹಿತ್ತಲದಾಗಿತ್ತು. ಯಾಕ್ರಿ?”

“ಅದ್ರಾಗ ಮೋರಚೂದ ಕಲಸಿಟ್ಟಿದ್ನಲ್ಲ. ಹೋದ ವಾರ ಖಾಲಿ ಮಾಡಿ ನಳದ ಹತ್ತರ ಇಟ್ಟಿನಿ. ತೊಳದಿದ್ದಿ ಇಲ್ಲ?”

ಮೋರಚೂದವೆಂದರೆ ಮೈಲುತುತ್ತ. ಬಳ್ಳಿಗೆ ಬೂಜು ಬರದಂತೆ ಸುಣ್ಣದ ಜೊತೆ ಬೆರೆಸಿ ಹೊಡೆಯುವ ನೀಲಿ ಹರಳು. ಮನುಷ್ಯರ ಹೊಟ್ಟೆಗೆ ವಿಷ. ನೀರಿಗೆ ಹಾಕಿದರೆ ಅದರ ಬಣ್ಣ ನಮ್ಮ ಗ್ಲಾಸಿನ ನಡುಪದರದ್ದೇ.

“ಯಾರ್ ಕುಡದೀರಿ?” ಎಂದರು ಗಂಡ.

“ಅವ್ವ ಒಬ್ಬಾಕಿನ,” ಎಂದಳು ನಾದಿನಿ.

ಇಲ್ಲಿ ನಾನು ಎಚ್ಚರವಾಗಿ ಬರೆಯಬೇಕು. ಸಿರಪ್ಪು ತಂದ ಬಾಟಲಿಯ ಮುಚ್ಚಳ ಬಸ್ಸಿನಲ್ಲಿ ಒಡೆದು, ನಾದಿನಿಯ ಒಂದು ಸೀರೆಗೆ ಬಣ್ಣ ಹತ್ತಿತ್ತು. ಬಾಯಿಗೆ ಬಟ್ಟೆ ಕಟ್ಟಿಟ್ಟಿದ್ದ ಉಳಿದ ಸಿರಪ್ಪನ್ನು ಹಿಂದಿನ ಸಂಜೆ ನಾನು ಬೇರೆ ಬಾಟಲಿಗೆ ಸುರಿದಿದ್ದೆ. ಇಷ್ಟು ಖಂಡಿತ. ಆಮೇಲಿನದು ನನ್ನಲ್ಲಿ ಎರಡು ಥರ ಇತ್ತು. ಒಂದು ನೆನಪಿನಲ್ಲಿ ಬಾಟಲಿ ನಳದ ಪಕ್ಕದ ಕಲ್ಲಿನ ಮೇಲೆ ಬೋರಲಾಗಿದೆ; ಯಾರೋ ತೊಳೆದಿಟ್ಟಿದ್ದಾರೆ, ಕಂಠದಿಂದ ಇನ್ನೂ ನೀರು ತೊಟ್ಟಿಕ್ಕುತ್ತಿದೆ. ಇನ್ನೊಂದರಲ್ಲಿ ಅದೇ ಕಲ್ಲಿನ ಮೇಲೆ ಬಾಟಲಿ ನೆಟ್ಟಗೆ ನಿಂತಿದೆ, ಒಣಗಿದೆ, ನಾನು ಎತ್ತಿಕೊಂಡು ಸೀದಾ ಒಳಗೆ ಬರುತ್ತೇನೆ. ಎರಡರಲ್ಲೂ ಕೈಗೆ ಸಿರಪ್ಪಿನ ಅಂಟು ಇದೆ. ಎರಡರಲ್ಲೂ ನಾದಿನಿ ಒಳಗಿನಿಂದ ಏನೋ ಕೂಗುತ್ತಿದ್ದಾಳೆ. ಧಾರವಾಡದಲ್ಲಿ ಇತಿಹಾಸ ಓದಿದವಳು ನಾನು. ಒಬ್ಬನೇ ಸಾಕ್ಷಿ ಎರಡು ಹೇಳಿಕೆ ಕೊಟ್ಟರೆ ಎರಡನ್ನೂ ಪಕ್ಕಕ್ಕಿಟ್ಟು ಬೇರೆ ಪುರಾವೆ ಹುಡುಕಬೇಕೆಂದು ಕಲಿತವಳು. ಆದರೆ ಆ ಸಾಕ್ಷಿ ನಾನೇ ಆಗಿದ್ದೆ. ಗಂಡ ಉತ್ತರಕ್ಕೆ ಕಾಯುತ್ತಿದ್ದರು.

“ನೆನಪಿಲ್ಲ,” ಎಂದೆ.

ಅವರು ಗಾಡಿಯ ಕೀಲಿ ತೆಗೆದುಕೊಂಡು ಹೊರಗೆ ಓಡಿದರು. ನಾದಿನಿ ತಾಯಿಯ ಹತ್ತಿರ ಹೋಗಿ ಹೊಟ್ಟೆ ಹೇಗಿದೆ ಎಂದು ಕೇಳಿದ್ದು ಒಳಗೆ ಕೇಳಿಸಿತು.

“ಉರೀತೈತಿ. ದಿನಾ ಉರೀತೈತಿ. ಇವತ್ತ ಯಾಕ ಕೇಳಾಕತ್ತಿ?”

ಬೆಳಿಗ್ಗೆ ಅತ್ತೆ ರೊಟ್ಟಿಗೆ ಕೆಂಪು ಖಾರ ಹಚ್ಚಿಕೊಂಡು ತಿಂದಿದ್ದರು. ಉರಿ ಅದರದ್ದಿರಬಹುದು. ನಡುವೆ ಒಗರು ಎಂದಿದ್ದರು. ಒಗರು ಕಿತ್ತಳೆ ಸಿಪ್ಪೆಯ ಸಿರಪ್ಪಿನದ್ದಿರಬಹುದು. ತಾಮ್ರದ ಉಪ್ಪೂ ಒಗರೇ. ಬಾಟಲಿಯಲ್ಲಿ ಉಳಿದದ್ದನ್ನು ಬೆರಳಿಗೆ ಹಚ್ಚಿ ನೋಡಿದೆ. ಅಂಟುತ್ತದೆ, ಸಿಹಿ ವಾಸನೆ ಇದೆ. ಸಿರಪ್ಪಂತೂ ಹೌದು. ಅದರೊಳಗೆ ಇನ್ನೊಂದು ನೀಲಿ ಕರಗಿದ್ದರೆ ಕಣ್ಣಿಗೆ ಹೇಗೆ ಕಾಣಬೇಕು?

ಆಗ ಮಾವ ನೆನಪಾದರು. ಅವರು ಇದ್ದಾಗ, ಪೀಪಾಯಿಯಲ್ಲಿ ಮೋರಚೂದ ಸುಣ್ಣ ಬೆರೆಸಿ, ಹೊಡೆಯುವ ಮುಂಚೆ ಅದರಲ್ಲಿ ಕುಡಗೋಲಿನ ತುದಿ ಅದ್ದಿ ಸ್ವಲ್ಪ ಹೊತ್ತು ಬಿಟ್ಟು ಬಿಸಿಲಿಗೆ ಹಿಡಿಯುತ್ತಿದ್ದರು. ಕಬ್ಬಿಣಕ್ಕೆ ಕೆಂಪು ಹತ್ತಿದರೆ ತಾಮ್ರ ಹೆಚ್ಚಾಗಿದೆ, ಇನ್ನೂ ಸುಣ್ಣ ಬೇಕು, ಇಲ್ಲವಾದರೆ ಎಲೆ ಸುಡುತ್ತದೆ. ಕುಡಗೋಲು ಹಿಡಿದ ಅವರ ಕೈ ನನ್ನ ಕಣ್ಣೆದುರು ಇದೆ. ಆದರೆ ಕೆಂಪಾದ ಕುಡಗೋಲನ್ನು ನಾನು ನೋಡಿದ್ದೆನೇ? ಅಥವಾ ಮಾವ ಹೇಳಿದ್ದನ್ನು ಕೇಳಿ ಕೇಳಿ ಬಣ್ಣ ನಾನೇ ಹಚ್ಚಿದ್ದೆನೇ?

ಹಿತ್ತಲಿಗೆ ಹೋಗಿ ಕುಡಗೋಲು ತಂದೆ. ತುದಿಯ ತುಕ್ಕನ್ನು ಇಟ್ಟಿಗೆಪುಡಿಯಿಂದ ತಿಕ್ಕಿ ಬೆಳ್ಳಗೆ ಮಾಡಿದೆ. ನಮಗೆಂದು ಮಾಡಿಟ್ಟ ಗ್ಲಾಸುಗಳಲ್ಲಿ ಎಲ್ಲಕ್ಕಿಂತ ನೇರ ನಿಂತಿದ್ದನ್ನು ತೆಗೆದುಕೊಂಡು, ಅದರಲ್ಲಿ ತುದಿಯನ್ನು ಇಳಿಸಿದೆ. ತಿಳಿ ನೀಲಿಯೊಳಗೆ ಜಾರಿತು, ನೀಲಿ ಕಂದಿನೊಳಗೆ. ಗಟಾರದ ನೀರು.

ಹೊರಗೆ ಗಂಡ ಹಾರ್ನ್ ಒತ್ತಿದರು. ವಿಷಯ ತಿಳಿದ ಮೇಲೂ ಅತ್ತೆ ಸೀರೆ ಬದಲಿಸದೆ ಅಥಣಿಯ ಆಸ್ಪತ್ರೆಗೆ ಬರುವುದಿಲ್ಲ ಎನ್ನುತ್ತಿದ್ದರು. “ಡಾಕ್ಟರ ಮುಂದ ಈ ಹರಕ ಸೀರಿ ಉಟ್ಟ ಕುಂಡ್ರಲೇನು? ಸಾಯೂದಿದ್ರ ಚಲೋ ಸೀರಿ ಉಟಗೊಂಡ ಸಾಯ್ತೀನಿ.”

ಕುಡಗೋಲು ಮೇಲೆತ್ತಿದೆ. ಅಂಟು, ಅಷ್ಟೇ. ಸೆರಗಿನಿಂದ ಒರೆಸಿದೆ. ಕಬ್ಬಿಣ ಕಬ್ಬಿಣದ ಬಣ್ಣದಲ್ಲೇ ಇತ್ತು.

ಸಮಾಧಾನ ಬರಲಿಲ್ಲ. ಸಕ್ಕರೆ ಗಟ್ಟಿಯಾಗಿದ್ದರೆ ತಾಮ್ರ ಕಬ್ಬಿಣ ಹಿಡಿಯದೆಯೂ ಇರಬಹುದು. ಮಾವ ನೋಡುತ್ತಿದ್ದುದು ನೀರಿನಲ್ಲಿ. ಉಗ್ರಾಣಕ್ಕೆ ಹೋಗಿ ಮೋರಚೂದದ ಚೀಲದಿಂದ ಸಾಸಿವೆಯಷ್ಟು ಹರಳನ್ನು ಕಾಗದದಲ್ಲಿ ತಂದು, ಇನ್ನೊಂದು ಗ್ಲಾಸಿಗೆ ಹಾಕಿ ಕಡ್ಡಿಯಿಂದ ಕಲಕಿದೆ. ತೊಳೆದ ತುದಿಯನ್ನು ಅದರಲ್ಲಿ ಬಿಟ್ಟೆ. ಈ ಸಲ ಕೆಂಪು ಬರಲಿ ಎಂದು ಬೇಡಿಕೊಂಡೆ. ಬರದಿದ್ದರೆ ಮೊದಲನೆಯದಕ್ಕೆ ಅರ್ಥವೇ ಇಲ್ಲ. ಹಾರ್ನ್ ಮತ್ತೆ. “ವೈನೀ!” ಎಂದು ನಾದಿನಿ.

ಎತ್ತಿದಾಗ ತುದಿ ಕೆಂಪಗಿತ್ತು. ಹೊಸ ತಾಮ್ರದ ತಂಬಿಗೆಯ ಕೆಂಪು.

ಗಾಡಿಯ ಕಿಟಕಿಯ ಹತ್ತಿರ ಕುಡಗೋಲು ಹಿಡಿದು ಓಡಿದ ನನ್ನನ್ನು ನೋಡಿ ಅತ್ತೆ, “ಇಷ್ಟಕ್ಕ ಸಾಯಲಿಲ್ಲಂತ ಈಗ ಕುಡಗೋಲ ತಂದಾಳ ನೋಡ,” ಎಂದರು. ನಾನು ಗಂಡನಿಗೆ ಒಂದೇ ಉಸಿರಿನಲ್ಲಿ ಹೇಳಿದೆ. ಬಾಟಲಿಯದರಲ್ಲಿ ಕೆಂಪು ಹತ್ತಲಿಲ್ಲ, ಹರಳು ಹಾಕಿದ್ದರಲ್ಲಿ ಹತ್ತಿತು. ಅವರು ಕುಡಗೋಲಿನ ತುದಿ ನೋಡಿದರು, ನನ್ನನ್ನು ನೋಡಿದರು. “ಅಪ್ಪನ ಕೆಲಸ ಮಾಡಿ ಬಂದಿ,” ಎಂದು ಸೀಟಿಗೆ ಒರಗಿದರು. ಆದರೂ ಅಥಣಿಗೆ ಹೋದೆವು. ಗ್ಲಾಸುಗಳನ್ನು ಚೆಲ್ಲಿಬಿಡು ಎಂದು ನಾದಿನಿಯನ್ನು ಮನೆಯಲ್ಲಿ ಬಿಟ್ಟೆವು. ಬಾಟಲಿಯನ್ನು ಮಡಿಲಲ್ಲಿ ಹಿಡಿದುಕೊಂಡು ನಾನು ಹಿಂದೆ ಕುಳಿತೆ. ದಾರಿಯುದ್ದಕ್ಕೂ ಅತ್ತೆಯ ಮುಖ ನೋಡುತ್ತಿದ್ದೆ. ಅವರು ಆಕಳಿಸಿದರೂ ವಾಂತಿಯೇ ಅನಿಸುತ್ತಿತ್ತು.

ಡಾಕ್ಟರು ಗ್ಲಾಸಿನಲ್ಲಿ ಏನೇನಿತ್ತು ಎಂದು ಕೇಳಿದರು. ಕಾಕವಿ, ಸಿರಪ್ಪು, ಎಳನೀರು ಎಂದೆ. ಬೇರೆ ಏನೂ ಇಲ್ಲವೇ ಎಂದರು. ಅಲ್ಲಿಯೇ ಬೆಳಗಿನಿಂದ ಕಾದಿಟ್ಟ ಗುಟ್ಟು ಬಯಲಾಯಿತು. ಉಳಿದ ಗ್ಲಾಸುಗಳಲ್ಲಿ ವೋಡ್ಕಾ ಇತ್ತು, ಚಮಚ ಒಂದೇ, ತೊಳೆದಿರಲಿಲ್ಲ ಎಂದೆ. ಹೇಳದೆ ಬಿಡುವ ಧೈರ್ಯ ಆಗಲಿಲ್ಲ. ಅತ್ತೆ ಗೋಡೆಯ ಕಡೆ ತಿರುಗಿ ಕುಳಿತರು.

ಸಂಜೆಯವರೆಗೆ ಅಲ್ಲಿಯೇ ಇರಿಸಿಕೊಂಡು, ಮತ್ತೆ ಮತ್ತೆ ನೋಡಿ, ಏನೂ ಆಗಿಲ್ಲ, ರಾತ್ರಿ ವಾಂತಿಯಾದರೆ ಫೋನು ಮಾಡಿ ಎಂದು ಕಳಿಸಿದರು. ಊರು ಹತ್ತಿರ ಬಂದಾಗ ಅತ್ತೆ ಮುಂದಿನ ಸೀಟಿನಿಂದ, ತಿರುಗದೆ, ಕೇಳಿದರು.

“ಎಲ್ಲಾರಿಗೂ ಹಾಕಿ, ನನ್ನ ಗ್ಲಾಸಿಗೆ ಅಷ್ಟ ನೀರ ಹಾಕಿದ್ರಿ?”

ಗಂಡ ನಗು ತಡೆಯಲಾರದೆ ಗಾಡಿ ನಿಧಾನ ಮಾಡಿದರು. ನಾನು ನಗಲಿಲ್ಲ. ನನಗೆ ಆ ಹೊತ್ತಿಗೆ ಬಾಟಲಿ ತೊಳೆದದ್ದು ನೆನಪಾಗಿತ್ತು. ಒಂದು ಹಿಡಿ ಉಸುಕು ಹಾಕಿ, ನೀರು ತುಂಬಿ, ಹೆಬ್ಬೆರಳಿನಿಂದ ಬಾಯಿ ಮುಚ್ಚಿ ಕುಲುಕಿದ್ದು. ಸಿಡಿದ ಅಂಚು ಬೆರಳಿಗೆ ಚುಚ್ಚಿದ್ದು. ತಿಳಿನೀಲಿ ನೀರು ಕಲ್ಲಿನ ಮೇಲೆ ಹರಿದದ್ದು. ಸ್ಪಷ್ಟವಾಗಿ, ಸದ್ದಿನ ಸಮೇತ. ಆದರೆ ಗಂಡ ಕೇಳಿದಾಗ ಇದರ ಒಂದು ತುಣುಕೂ ನನ್ನಲ್ಲಿ ಇರಲಿಲ್ಲ. ಕುಡಗೋಲು ಬೆಳ್ಳಗೆ ಬಂದ ಮೇಲೆ, ಡಾಕ್ಟರು ಏನೂ ಇಲ್ಲ ಎಂದ ಮೇಲೆ ಬಂದ ನೆನಪು ಇದು. ಯಾರು ತೊಳೆದದ್ದೋ. ಹೆಬ್ಬೆರಳನ್ನು ಬೆಳಕಿಗೆ ಹಿಡಿದು ಚುಚ್ಚಿದ ಗುರುತು ಹುಡುಕಿದೆ. ಒಂದು ಸಣ್ಣ ಗೆರೆ ಇತ್ತು, ತೆಂಗಿನಕಾಯಿ ತುರಿಯುವಾಗ ಆದದ್ದೂ ಇರಬಹುದು.

“ಮತ್ತ ಬಾಟ್ಲಿ ತೊಳದಿದ್ದಿ ಇಲ್ಲ ನೀ?” ಎಂದರು ಅತ್ತೆ.

ತೊಳೆದಿದ್ದೆ ಎಂದರೆ ಎಲ್ಲರೂ ನಂಬುತ್ತಿದ್ದರು. ನಾನೂ ನಾಳೆಯ ಹೊತ್ತಿಗೆ ನಂಬುತ್ತಿದ್ದೆ.

“ಗೊತ್ತಿಲ್ರಿ ಅತ್ತಿ,” ಎಂದೆ.

ಅವರು ಕೈ ಹಿಂದೆ ಚಾಚಿ ಬಾಟಲಿ ಕೇಳಿ ತೆಗೆದುಕೊಂಡರು. ಮನೆ ಮುಟ್ಟಿ ಇಳಿದವರು ನೇರ ಹಿತ್ತಲಿಗೆ ಹೋದರು. ನಳದ ಪಕ್ಕದ ಕಲ್ಲಿಗೆ ಅದನ್ನು ಬಡಿದ ಸದ್ದು ಒಳಗೆ ಕೇಳಿಸಿತು. ಆಮೇಲೆ ಅವರದೇ ದನಿ, ಚೂರು ಬಳಿಯಲು ಕಸಬರಿಗೆ ತಾ ಎಂದು. ನಾನು ಕಸಬರಿಗೆ ತೆಗೆದುಕೊಂಡು ಹೋದೆ.