ಬುತ್ತಿ ಒಯ್ದ ದಿನ

ಹದಿನೈದು ತುಂಬಿದ ನನ್ನ ಮಗನಿಗೆ ಹೂಸಿಗಿಂತ ದೊಡ್ಡ ತಮಾಷೆ ಈ ಭೂಮಿಯ ಮೇಲಿಲ್ಲ. ಊಟಕ್ಕೆ ಕುಳಿತರೂ ಅದೇ, ನೆಂಟರು ಬಂದರೂ ಅದೇ. ಅಂಬೇವಾಡಿಯ ನಮ್ಮ ಓಣಿಗೆ ಗಾಳಿಯೊಂದಿಗೆ ಕಾಗದದ ಮಿಲ್ಲಿನ ಕೊಳೆತ ಮೊಟ್ಟೆಯಂಥ ವಾಸನೆ ಬಂತೆಂದರೆ ಅವನಿಗೆ ಹಬ್ಬ. ಕಂಪೌಂಡ್ ಹತ್ತಿ ಪಕ್ಕದ ಮನೆಯ ಅಜ್ಜನಿಗೆ ಕೂಗುತ್ತಿದ್ದ: "ಅಜ್ಜಾ, ಇದು ನಿಂದ ಹೌದಲ್ಲೊ?"

ಮಿಲ್ಲಿನಲ್ಲೇ ದುಡಿದು ನಿವೃತ್ತರಾಗಿದ್ದ ಆ ಅಜ್ಜನೂ ಕಡಿಮೆಯವರಲ್ಲ. "ನಂದಲ್ಲಪಾ. ನಿಮ್ಮಪ್ಪ ಡ್ಯೂಟಿಗೆ ಹೋಗ್ಯಾನ ನೋಡು, ಅವಂದು" ಎನ್ನುತ್ತಿದ್ದರು. ಇಬ್ಬರೂ ಓಣಿಗೆಲ್ಲ ಕೇಳುವಂತೆ ನಗುವಾಗ ನಾನು ಒಳಗೆ ಹಲ್ಲು ಕಡಿಯುತ್ತಿದ್ದೆ. ಧಾರವಾಡದ ಕಡೆಯ ಮರ್ಯಾದಸ್ಥರ ಮನೆಯವಳು ನಾನು. ನನ್ನ ಹೊಟ್ಟೆಯಲ್ಲಿ ಇಂಥದ್ದೊಂದು ಹುಟ್ಟಿತಲ್ಲ ಎಂದು ಸಂಕಟಪಡುತ್ತಿದ್ದೆ.

ಹೋದ ವರ್ಷ ಅಜ್ಜ ಬಚ್ಚಲಲ್ಲಿ ಜಾರಿ ಬಿದ್ದು, ಸೊಂಟ ಮುರಿದು ಹಾಸಿಗೆ ಹಿಡಿದರು. ಮಗ ಶಾಲೆ ಬಿಟ್ಟ ಕೂಡಲೇ ಅಲ್ಲಿಗೆ ಓಡುತ್ತಿದ್ದ. ಬಾಗಿಲು ಮುಚ್ಚಿಕೊಂಡು ಹೊಲಸು ಜೋಕು ಹೇಳಿ ನಗುವುದು ನಮ್ಮ ಅಡುಗೆಮನೆಯವರೆಗೂ ಕೇಳುತ್ತಿತ್ತು. ಪುಸ್ತಕ ಮುಟ್ಟದೆ ಅಲ್ಲೇ ಬಿದ್ದಿರುತ್ತಾನೆಂದು ನಾನು ದಿನಾ ಬೈಯುತ್ತಿದ್ದೆ. ಅವನು ಮರುದಿನ ಮತ್ತೆ ಅಲ್ಲಿಗೇ ಓಡುತ್ತಿದ್ದ.

ಈ ಚಳಿಗಾಲದಲ್ಲಿ ಅಜ್ಜ ತೀರಿಕೊಂಡರು. ಸಾವಾದ ಮನೆಯವರಿಗೆ ಒಲೆ ಹಚ್ಚಗೊಡದೆ ನೆರೆಹೊರೆಯವರೇ ಬುತ್ತಿ ಒಯ್ಯುವುದು ನಮ್ಮಲ್ಲಿನ ಪದ್ಧತಿ. ನಾನೂ ರೊಟ್ಟಿ, ಪಲ್ಯ, ಅನ್ನ ಕಟ್ಟಿಕೊಂಡು ಮಗನೊಂದಿಗೆ ಹೋದೆ. "ಅಲ್ಲಿ ಬಾಯಿ ಮುಚ್ಚಿಕೊಂಡು ಕುಂದ್ರು" ಎಂದು ಮೊದಲೇ ಹೇಳಿದ್ದೆ. ಜಮಖಾನೆಯ ಮೇಲೆ ಹೆಂಗಸರೆಲ್ಲ ಮಾತಿಲ್ಲದೆ ಕುಳಿತಿದ್ದಾಗ ಕಿಟಕಿಯಿಂದ ಮಿಲ್ಲಿನ ಆ ವಾಸನೆ ಬಂತು. ಮಗ ಹಾರ ಹಾಕಿದ ಫೋಟೋದ ಕಡೆ ನೋಡಿ, "ಅಜ್ಜಾ, ಅಲ್ಲಿಗೆ ಹೋಗಿನೂ ಚಾಲೂ ಮಾಡಿದ್ಯಾ?" ಎಂದ.

ಸಣ್ಣ ದನಿಯಲ್ಲೇ ಅಂದಿದ್ದ, ಆದರೂ ಎಲ್ಲರಿಗೂ ಕೇಳಿತು. ಎದ್ದವಳೇ ಅವನ ಕೆನ್ನೆಗೆ ಬಾರಿಸಿದೆ. ಅವನು ನನ್ನ ಮುಖವನ್ನೊಮ್ಮೆ ನೋಡಿ, ಚಪ್ಪಲಿ ಮೆಟ್ಟಿಕೊಂಡು ಹೊರಟುಹೋದ.

ಗಂಡನನ್ನು ಕಳೆದುಕೊಂಡ ಅಜ್ಜಿಯೇ ನನ್ನ ಕೈ ಹಿಡಿದು ಕೂಡಿಸಿದರು. "ಯಾಕ ಹೊಡದ್ಯವಾ ಅವಗ? ಬಿದ್ದ ಮ್ಯಾಲೆ ಇವರು ನನ್ನ ಕೈಲೆ ತೊಳಸ್ಕೊಳ್ಳಾಕೂ ನಾಚ್ತಿದ್ರು. ಹಾಸಿಗಿ ಹೊಲಸಾಗತೈತಿ ಅಂತ ಉಣ್ಣೂದ ಬಿಟ್ಟಿದ್ರು. ನಿನ್ನ ಮಗ ಬಂದು ಏನರ ಅಂದು ನಗಸ್ತಿದ್ದ. ನಗಸಿಕೋತನ ತೊಳದು ಅರಿವಿ ಬದಲಸ್ತಿದ್ದ. ಯಾರ ಮುಂದೂ ಹೇಳಬ್ಯಾಡಂತ ಇವರು ಅವಗ ಆಣಿ ಹಾಕಿದ್ರು."

ಯಾರ ಮುಖವನ್ನೂ ನೋಡಲಾಗಲಿಲ್ಲ ನನಗೆ. ನಾನು ಹೊಡೆದದ್ದು ಸತ್ತವರ ಮೇಲಿನ ಗೌರವಕ್ಕಲ್ಲ, ಓಣಿಯ ಹೆಂಗಸರೆದುರು ನನ್ನ ಮಾನ ಉಳಿಸಿಕೊಳ್ಳಲು. ಅಳಬೇಕಾದ ಹುಡುಗನಿಗೆ ಅಳಲು ಬಂದದ್ದು ಅದೊಂದೇ ರೀತಿ ಎಂದು ಹೆತ್ತವಳಿಗೆ ತಿಳಿಯಲಿಲ್ಲ.

ಮನೆಗೆ ಬಂದು, "ತಪ್ಪಾತೋ, ನನಗ ಗೊತ್ತಿರಲಿಲ್ಲ" ಎಂದೆ. "ಇರ್ಲಿ ಬಿಡವಾ" ಎಂದ, ಅಷ್ಟೇ.

ಅಂದಿನಿಂದ ನನ್ನೆದುರು ಅವನ ಬಾಯಿಂದ ಒಂದೂ ಪೋಲಿ ಮಾತು ಬಂದಿಲ್ಲ. ಕೇಳಿದ್ದಕ್ಕೆ ಉತ್ತರ ಕೊಡುತ್ತಾನೆ, ಬಡಿಸಿದ್ದನ್ನು ಉಣ್ಣುತ್ತಾನೆ, ಎದ್ದು ಹೋಗುತ್ತಾನೆ. ಮೊನ್ನೆ ಸಂತೆಯಲ್ಲಿ ಅವನ ಟ್ಯೂಷನ್ ಅಕ್ಕೋರು ಸಿಕ್ಕಿದ್ದರು. "ನಿಮ್ಮ ಹುಡುಗ ಈಗ ಭಾಳ ಶಾಣ್ಯಾ ಆಗ್ಯಾನ್ರಿ. ಚಲೋ ಬುದ್ಧಿ ಕಲಿಸೀರಿ" ಎಂದರು. ನಾನು ಕಾಯಿಪಲ್ಯೆ ಆರಿಸುವವಳಂತೆ ತಲೆ ತಗ್ಗಿಸಿದೆ.