ಮಾರೆವ್ವ ಎಳೆಸಿದ ಜೋಡುಗೆರೆ

ನಮ್ಮ ಇರಕಲ್ಲಗಡದಲ್ಲಿ ತಿಪ್ಪಣ್ಣ ಎಂಬ ಹೆಸರಿನವರು ನಾನು ಕಂಡಂತೆ ಹನ್ನೊಂದು ಮಂದಿ. ಯಾರಿಗೂ ಆ ಹೆಸರನ್ನು ಹುರುಪಿನಿಂದ ಇಟ್ಟದ್ದಲ್ಲ, ಅಂಜಿಕೆಯಿಂದ ಇಟ್ಟದ್ದು. ಒಂದು ಮನೆಯಲ್ಲಿ ಕೂಸುಗಳು ಒಂದರ ಬೆನ್ನಿಗೊಂದು ಹೋದವೆಂದರೆ, ಮುಂದೆ ಹುಟ್ಟಿದ್ದನ್ನು ಮೊರದಲ್ಲಿ ಹಾಕಿ ತಿಪ್ಪೆಯ ಮೇಲೆ ಇಡುತ್ತಾರೆ. ನೆರೆಮನೆಯವಳು ಎತ್ತಿಕೊಳ್ಳುತ್ತಾಳೆ. ಹಡೆದವಳು ಒಂದು ಮೊರ ಜೋಳ ಕೊಟ್ಟು ತನ್ನ ಕೂಸನ್ನು ತಾನೇ ಕೊಳ್ಳುತ್ತಾಳೆ. ಸಾವಿಗೆ ಹೇಳುವ ಮಾತು ಇಷ್ಟೇ: ಇದು ನನ್ನದಲ್ಲ, ಕೊಂಡು ತಂದದ್ದು, ನೀನು ಹುಡುಕುವ ಮನೆ ಇದಲ್ಲ. ಇದು ಆಟವೆಂದು ಊರಿಗೆಲ್ಲ ಗೊತ್ತು. ಬೆಲ್ಲ ಹಂಚುತ್ತಾರೆ, ನಗುತ್ತಾರೆ, ಸಂಜೆಗೆ ಕೂಸು ತಾಯಿಯ ಮಗ್ಗುಲಿಗೆ ಬಂದಿರುತ್ತದೆ.

ಮಾರೆವ್ವ ಮಾತ್ರ ಇದನ್ನು ಆಟವಾಗಿ ಆಡಲಿಲ್ಲ.

ಮಾರೆವ್ವ ನನ್ನ ದೊಡ್ಡಪ್ಪನ ಮಗನ ಹೆಂಡತಿ. ನನಗೆ ಅತ್ತಿಗೆಯಾಗಬೇಕು. ತನ್ನ ಸೋದರಮಾವನನ್ನೇ ಮದುವೆಯಾಗಿ ಹದಿನೈದಕ್ಕೆ ಈ ಊರಿಗೆ ಬಂದವಳು. ಕೂಲಿಯವಳಾದರೂ ಕೈ ಭಾಳ ಛಲೋ. ಬಿಳಿಜೋಳದ ಹೊಲದಲ್ಲಿ ಬೀಜಕ್ಕೆ ತೆನೆ ಆರಿಸುವುದೆಂದರೆ ಗೌಡರ ಮನೆಯವರೂ ಅವಳಿಗೇ ಹೇಳಿ ಕಳಿಸುತ್ತಿದ್ದರು. ಮೊದಲು ಶೋಭಾರಾಣಿ ಹುಟ್ಟಿದಳು, ಗಟ್ಟಿಯಾಗಿ ಬೆಳೆದಳು. ಆಮೇಲೆ ಮೂರು ಗಂಡು, ಮೂರೂ ಒಂದು ವರ್ಷ ತುಂಬುವ ಮೊದಲೇ ಮಣ್ಣಾದವು. ಶೋಭಾರಾಣಿ ಮದುವೆಯಾಗಿ ಹೋದ ವರ್ಷ ಮಾರೆವ್ವ ಗಂಡನ ಜೊತೆ ಭತ್ತ ನಾಟಿಗೆಂದು ಕಾರಟಗಿ ಕಡೆ ಗುಳೆ ಹೋದಳು. ಅದೇ ತಂಡದಲ್ಲಿ ನಮ್ಮೂರಿನಿಂದ ಇವರನ್ನು ಬಿಟ್ಟರೆ ನಮ್ಮ ಓಣಿಯ ಹಜರತಬೀ ಒಬ್ಬಳೇ, ಕಂಕುಳಲ್ಲಿ ಕೂಸು ಅಸ್ಲಮನನ್ನು ಕಟ್ಟಿಕೊಂಡು ಹೋಗಿದ್ದಳು. ಏಳು ತಿಂಗಳ ಮೇಲೆ ತಿರುಗಿ ಬಂದಾಗ ಹಜರತಬೀಯ ಕೈಯಲ್ಲಿ ಎರಡು ಕೂಸು.

"ಕ್ಯಾಂಪಿನ ತಿಪ್ಪಿ ಮ್ಯಾಲ ಸಿಕ್ತು. ಯಾರ ಹಡದು ಒಗದು ಹೋಗ್ಯಾರೋ. ಮಾರೆವ್ವ ಬೇಕಂತಾಳ, ನಾ ಮಾರ್ತೀನಿ" ಎಂದು ಹಜರತಬೀ ಓಣಿಯ ನಡುವೆ ನಿಂತು ಕೂಗಿದಳು. ಮಾರೆವ್ವ ಜೋಳ ಅಳೆದಳು, ಕೂಸು ಇಸಕೊಂಡಳು. ಊರಲ್ಲಿ ಬಸುರನ್ನು ಯಾರೂ ನೋಡಿರಲಿಲ್ಲ, ಹೆರಿಗೆಯನ್ನೂ ನೋಡಿರಲಿಲ್ಲ. ಊರು ನಂಬಿತು, ನಾನೂ ನಂಬಿದೆ. ಅವಳು ಆ ಹುಡುಗನನ್ನು ಒಮ್ಮೆಯೂ 'ಮಗನ' ಎಂದು ಕರೆದದ್ದು ನನ್ನ ಕಿವಿಗೆ ಬಿದ್ದಿಲ್ಲ. ಅವ ಬಿದ್ದರೆ ಮುಖ ತಿರುವುತ್ತಿದ್ದಳು. ಕೊಂಡು ತಂದದ್ದಕ್ಕೆ ಕರುಳು ಎಲ್ಲಿಂದ ಬರಬೇಕು ಎಂದು ನಾವು ಆಡಿಕೊಂಡೆವು.

ತಿಪ್ಪಣ್ಣ ಬೆಳೆದು ಟ್ರ್ಯಾಕ್ಟರ್ ಹೊಡೆಯುವ ಗಂಡಾದ. ಶೋಭಾರಾಣಿಯ ಮಗಳು ಸಹನಾಳನ್ನು ಅವನಿಗೆ ಕೇಳಿದಾಗ ಹುಡುಗಿ ಅಡ್ಡ ನಿಂತಳು. ಕೊಪ್ಪಳದ ಕಾಲೇಜಿನಲ್ಲಿ ವಿಜ್ಞಾನ ಓದಿದವಳು. ಸೋದರಮಾವನನ್ನು ಮಾಡಿಕೊಂಡರೆ ಹುಟ್ಟುವ ಮಕ್ಕಳಿಗೆ ಕುತ್ತು ಬರಬಹುದೆಂದು ಪುಸ್ತಕದಲ್ಲಿ ಓದಿದ್ದಳು. ತಿಪ್ಪೆಯ ಮಾತು ಇಲ್ಲೂ ಆಟವೇ ಇರಬಹುದೆಂಬ ಸಂಶಯ ಅವಳದು. ಕಡೆಗೆ ಅವಳೇ ಅಜ್ಜಿ ಮಾರೆವ್ವನ ಮುಂದೆ ಕೂತು ಕೇಳಿದಳಂತೆ: "ಆಯಿ, ಖರೆ ಹೇಳು, ಅಂವ ಹೊರಗಿನಾವ ಹೌದಲ್ಲ?" ಮಾರೆವ್ವ "ಊರಿಗೇ ಗೊತ್ತೈತಲ್ಲ" ಎಂದಳು. ಸಹನಾಳಿಗೂ ಅವನ ಮೇಲೆ ಮನಸ್ಸಿತ್ತು. ಮದುವೆಯಾಯಿತು.

ಮೊದಲ ಹೆಣ್ಣುಕೂಸು ಎಂಟು ತಿಂಗಳಿಗೆ ಹೋಯಿತು. ಕುತ್ತಿಗೆ ನಿಲ್ಲಲೇ ಇಲ್ಲ. ಯಾವ ರೋಗವೆಂದು ತಿಳಿಯುವ ಮೊದಲೇ ಉಸಿರು ನಿಂತಿತು. ಎರಡನೆಯದು ಹೊಟ್ಟೆಯಲ್ಲಿ ಹತ್ತು ವಾರದ್ದಿರುವಾಗ ಕೊಪ್ಪಳದ ದವಾಖಾನೆಗೆ ಬರಹೇಳಿದರು. ಸಾಲಿಯ ಹೊಸ್ತಿಲು ತುಳಿಯದೆ, ಗೊಬ್ಬರದ ಚೀಲ ಓದಿ ಅಕ್ಷರ ಕಲಿತವನು ನಾನು. ಮಾರೆವ್ವನ ಗಂಡ ತೀರಿಹೋಗಿದ್ದ; ಮನೆತನದ ಹಿರಿಯನೂ ಬೇಕು, ಓದಬಲ್ಲವನೂ ಬೇಕೆಂದು ನನ್ನನ್ನು ಕರೆದರು. ಮಾರೆವ್ವನನ್ನು ದವಾಖಾನೆಯವರೇ ಕರೆತರಲು ಹೇಳಿದ್ದರು.

ಅಲ್ಲಿ ಕೂತಿದ್ದವಳು ಜಾಸ್ಮೀನ ಮೇಡಂ. ಮನೆತನದಲ್ಲಿ ಇಳಿದು ಬರುವ ರೋಗಗಳ ವಿಚಾರ ತಿಳಿಸಿ ಹೇಳುವುದು ಅವಳ ಕೆಲಸ. ಕೈಯಲ್ಲಿ ಸೂಜಿಯಿಲ್ಲ, ಔಷಧಿಯಿಲ್ಲ. ಒಂದು ಬಿಳಿ ಹಾಳೆ, ಪೆನ್ಸಿಲ್, ರಬ್ಬರ್.

"ಮೊದಲನೇ ಕೂಸಿನ ರಕ್ತ ಯಾರೂ ತಗದಿಟ್ಟಿಲ್ಲ. ನನಗ ಈಗ ಆಸರಾ ಅಂದ್ರ ನಿಮ್ಮ ಮಾತು, ಈ ಹಾಳಿ. ಇದಕ್ಕ ಪೆಡಿಗ್ರಿ ಚಾರ್ಟ್ ಅಂತೀವಿ" ಎಂದಳು.

"ವಂಶಾವಳಿ ಅನ್ರಿ. ನಮ್ಮ ಹೆಳವರು ಓದ್ತಾರಲ್ಲ, ಅದ" ಎಂದೆ, ನನಗೂ ತಿಳಿಯುತ್ತದೆ ಎಂದು ತೋರಿಸಲು.

"ಅಜ್ಜಾರ, ಹೆಳವರ ಹೊತ್ತಿಗಿಯೊಳಗ ಸತ್ತ ಕೂಸು ಇರ್ತಾವೇನ್ರಿ? ಕೊಟ್ಟು ಕಳಿಸಿದ ಹೆಣ್ಣುಮಕ್ಕಳ ಮಕ್ಕಳು?"

"ಇಲ್ಲ."

"ನನಗ ಅವರ ಬೇಕ್ರಿ."

ಹೆಳವರದು ಹೊಲ ಯಾರಿಂದ ಯಾರಿಗೆ ಬಂತೆಂಬ ಲೆಕ್ಕ. ಇದು ರಕ್ತ ಯಾರಿಂದ ಯಾರಿಗೆ ಬಂತೆಂಬ ಚಿತ್ರ. ಗಂಡಸಿಗೆ ಚೌಕ, ಹೆಂಗಸಿಗೆ ದುಂಡು. ಗಂಡಹೆಂಡತಿಯ ನಡುವೆ ಅಡ್ಡಗೆರೆ, ಅದರಿಂದ ಕೆಳಗೆ ಇಳಿದ ಗೆರೆಗೆ ಮಕ್ಕಳು ತೂಗುತ್ತಾರೆ. ಸತ್ತವರ ಮೇಲೆ ಓರೆಗೀಟು. ರೋಗ ಇದ್ದವರನ್ನು ಪೂರಾ ಕಪ್ಪು ಮಾಡುತ್ತಾರೆ. ಹುಟ್ಟದ ಕೂಸಿಗೆ ಗಂಡು ಹೆಣ್ಣು ಎನ್ನದೆ, ತುದಿಯ ಮೇಲೆ ನಿಲ್ಲಿಸಿದ ಸಣ್ಣ ಚೌಕ.

"ನನ್ನ ಚೌಕ ಸ್ವಲ್ಪ ದೊಡ್ಡದು ಬರೀರಿ ಮೇಡಂ, ಹೊಟ್ಟಿ ಹಿಡಸಂಗಿಲ್ಲ" ಎಂದ ತಿಪ್ಪಣ್ಣ. ಸಹನಾ ಮೊಣಕೈಯಿಂದ ತಿವಿದಳು.

"ನೀವಿಬ್ರೂ ಸಂಬಂಧಿಕರೇನು?"

"ಊರ ಲೆಕ್ಕಕ್ಕ ಸೋದರಮಾವ. ಆದ್ರ ರಕ್ತಸಂಬಂಧ ಇಲ್ರಿ. ಆಯಿ ಇವರನ್ನ ಕೊಂಡು ತಂದಾಳ" ಎಂದಳು ಸಹನಾ.

ಮೇಡಂ ಮಾರೆವ್ವನ ಕಡೆ ನೋಡಿದಳು. ಮಾರೆವ್ವ ತಲೆಯಾಡಿಸಿದಳು. ಪೆನ್ಸಿಲ್ ತಿಪ್ಪಣ್ಣನ ಚೌಕದ ಎರಡೂ ಬದಿಗೆ ಕಂಸ ಹಾಕಿತು. ಮೇಲಿಂದ ಇಳಿದ ಗೆರೆ ತುಂಡು ತುಂಡಾಯಿತು. ಸಾಕಿದ ಮಗನಿಗೆ ಹಾಗೆ ಹಾಕುತ್ತಾರಂತೆ.

"ಸಂಬಂಧದಾಗ ಲಗ್ನ ಆಗಿದ್ರ ಗಂಡಹೆಂಡತಿ ನಡುವ ಜೋಡುಗೆರಿ ಎಳೀತೀವಿ. ನಿಮಗ ಒಂಟಿ ಗೆರಿ ಸಾಕು. ಆಯಿ, ನಿಮ್ಮ ಮೂರು ಕೂಸು ಹೋದವಲ್ಲ, ಏನಾಗಿತ್ತು?"

"ಜ್ವರ."

ಮೂರು ಚೌಕಕ್ಕೆ ಓರೆಗೀಟು ಬಿತ್ತು. ಕಪ್ಪು ಮಾಡಲಿಲ್ಲ. ಮೇಡಂ ಹಾಳೆ ನಮ್ಮ ಕಡೆ ತಿರುಗಿಸಿ ತಿಳಿಹೇಳಿದಳು. ಸತ್ತ ಕೂಸಿನ ಲಕ್ಷಣ ಕೇಳಿದರೆ ಸ್ನಾಯುಗಳಿಗೆ ಬಲ ಕೊಡುವ ನರಗಳು ಸಾಯುವ ರೋಗದ ಸಂಶಯ ಬರುತ್ತದೆ. ಆದರೆ ಅದು ತಾಯಿ ತಂದೆ ಇಬ್ಬರಲ್ಲೂ ಅಡಗಿದ್ದರೆ ಮಾತ್ರ ಕೂಸಿಗೆ ತಗಲುತ್ತದೆ. ಬೇರೆ ಬೇರೆ ರಕ್ತದವರಲ್ಲಿ ಅದು ಕೂಡಿಬರುವುದು ಅಪರೂಪ. ಅವಸರದ ಪರೀಕ್ಷೆ ಬೇಡ. "ಜೋಡುಗೆರಿ ಇದ್ದಿದ್ರ ಇಬ್ಬರ ರಕ್ತನೂ ಇವತ್ತ ಕಳಸಬೇಕಾಗ್ತಿತ್ತು. ಆದ್ರ ಒಂದ್ ಮಾತು. ಚಾರ್ಟ್ ಅಂದ್ರ ನೀವು ಹೇಳಿದ್ದಷ್ಟ. ಒಂದು ಗೆರಿ ತಪ್ಪಿದ್ರ ನನ್ನ ಮಾತೂ ತಪ್ಪತೈತಿ. ಏನರ ನೆನಪಾದ್ರ ಜಲ್ದಿ ಫೋನ್ ಮಾಡ್ರಿ, ತಡಾ ಆದ್ರ ಕೈಮೀರತೈತಿ."

ತಿರುಗಿ ಬರುವಾಗ ಬಸ್ಸಿನಲ್ಲಿ ಸಹನಾ ನಗುನಗುತ್ತ ಮಿರ್ಚಿ ತಿಂದಳು. ಮಾರೆವ್ವ ಕೊಟ್ಟದ್ದನ್ನು ಹಾಗೇ ಹಿಡಿದು ಕೂತಿದ್ದಳು. ಎಣ್ಣೆ ಇಳಿದು ಸೀರೆಗೆ ಹತ್ತಿದ್ದೂ ಅವಳಿಗೆ ತಿಳಿಯಲಿಲ್ಲ.

ಮೂರು ದಿನ ಅವಳು ಹಜರತಬೀಯ ಮನೆಯ ಕಟ್ಟೆಯಲ್ಲೇ ಕಳೆದಳು. ಅಲ್ಲಿ ನಡೆದ ಮಾತನ್ನು ಹಜರತಬೀಯೇ ಆಮೇಲೆ ನನಗೆ ಹೇಳಿದಳು.

"ಮಗ ಅನ್ನಂಗಿಲ್ಲ ಅಂತ ನಿನ್ನ ನಾಲಿಗಿಗೆ ಹರಕಿ ಕಟ್ಟೀದಿ, ನನ್ನ ನಾಲಿಗಿಗೆ ಕಟ್ಟಿಲ್ಲ. ನಾನ ಹೋಗಿ ಹೇಳ್ತೀನಿ ತಗಿ. ಗದ್ದಿ ಬದುವಿನ ಮ್ಯಾಲ ನೀ ಹಡದದ್ದು, ನಾ ಹೊಕ್ಕಳ ಕೊಯ್ದದ್ದು, ನನ್ನ ಎದಿಹಾಲು ಕುಡದು ಅಂವ ನಮ್ಮ ಅಸ್ಲಮಗ ಬಿಡಲಿಲ್ಲ, ಅಂಥಾ ಹೊಟ್ಟಿಬಾಕ" ಎಂದಿದ್ದಳು ಹಜರತಬೀ.

"ಅವರ ಮನಿ ಜೋಳಾ ತಿಂದಾಕಿ ಅಂತ ನಿನ್ನ ನೋಡಿ ನಗ್ತಾರ, ನಂಬಂಗಿಲ್ಲ. ಮ್ಯಾಲ ಆ ಮೂರು ಹೆಂಗ ಹ್ವಾದವು ಅಂತ ಆ ಮೇಡಂ ಮತ್ತ ಕೇಳ್ತಾಳ. ಅದು ನಿನಗೇನು ಗೊತ್ತು?"

"ಹಂಗಾರ ನೀನ ಹೇಳು."

"ಹೇಳಿದ್ ದಿನ ತಿಪ್ಪಣ್ಣ ಹ್ವಾದ್ರ?"

"ಮೂವತ್ತ್ಮೂರು ವರ್ಷದ ಕ್ವಾಣ ಅದಾನ! ಸಾವು ಇನ್ನೂ ಮೊರಾ ಹಿಡಕೊಂಡು ಅವನ್ನ ಹುಡಕ್ಕೋತ ಕುಂತೈತೇನ? ಹೊಟ್ಟ್ಯಾಗ ಇರೋದಕ್ಕ ಯಾವ ತಿಪ್ಪಿ ಹುಡುಕ್ತಿ ಮಾರೆವ್ವಾ?"

ನಾಲ್ಕನೆಯ ದಿನ ಮುಂಜಾನೆ ಮಾರೆವ್ವ ನನ್ನ ಮನೆಗೆ ಬಂದಳು. "ಕಾಳಪ್ಪ, ಆ ಮೇಡಮ್ಗ ಫೋನ್ ಹಚ್ಚು. ಒಂದು ಗೆರಿ ತಪ್ಪೈತಿ ಅನ್ನು" ಎಂದಳು. ನಾನು ಫೋನ್ ಹಚ್ಚಿದೆ.

ಅದೇ ನಾಲ್ವರು ಅದೇ ಮೇಜಿನ ಮುಂದೆ ಕೂತೆವು. ಮಾರೆವ್ವ ತಿಪ್ಪಣ್ಣನನ್ನು ಹೊರಗೆ ಹೋಗೆಂದಳು. "ಅವರ ರಕ್ತದ ಮಾತು, ಅವರೂ ಕೇಳಬೇಕು" ಎಂದಳು ಮೇಡಂ. ಮಾರೆವ್ವ ಸೆರಗಿನಿಂದ ಬಾಯಿ ಒರೆಸಿಕೊಂಡಳು.

"ನಾ ಮೂರಲ್ಲ, ನಾಕು ಗಂಡು ಹಡದೀನಿ. ನಾಕನೇದು ಇಲ್ಲೇ ಕುಂತೈತಿ."

ಮೇಡಂ ರಬ್ಬರ್ ತೆಗೆದುಕೊಂಡಳು.

"ಜ್ವರ ಸುಳ್ಳು. ದೊಡ್ಡಾವ ಅಂದಪ್ಪ, ಒಂಬತ್ತು ತಿಂಗಳಿದ್ದ. ಕುತ್ತಿಗಿ ನಿಲ್ಲಲಿಲ್ಲ. ಎರಡನೇದು ವಿರುಪಾಕ್ಷಿ, ಆರು ತಿಂಗಳು. ಬೆಕ್ಕಿನ ಮರಿಯಂಗ ಅಳತಿತ್ತು. ಮೂರನೇದಕ್ಕ ಹೆಸರಿಡಾಕ ಧೈರ್ಯ ಆಗ್ಲಿಲ್ಲ. ಮೊಲಿ ಜಗ್ಗಾಕ ಶಕ್ತಿ ಇರಲಿಲ್ಲ, ಹಿಂಡಿ ಹಾಕತಿದ್ನಿ."

ಪೆನ್ಸಿಲ್ ಮೂರು ಚೌಕಗಳನ್ನು ಒಂದೊಂದಾಗಿ ಕಪ್ಪು ಮಾಡಿತು. ಕಂಸಗಳು ಅಳಿಸಿದವು. ತುಂಡು ಗೆರೆ ಕೂಡಿಕೊಂಡಿತು. ತಿಪ್ಪಣ್ಣ ಸಹನಾರ ನಡುವಿನ ಒಂಟಿ ಗೆರೆಯ ಮಗ್ಗುಲಿಗೆ ಇನ್ನೊಂದು ಬಂತು. ಮಾರೆವ್ವ ತನ್ನ ಗಂಡನೂ ಸೋದರಮಾವನೇ ಎಂದಾಗ ಮೇಲಿನ ಸಾಲಿನಲ್ಲೂ ಜೋಡುಗೆರೆ ಬಿತ್ತು. ಹಾಳೆ ತುಂಬ ಕರಿದಾಗಿ ಕಂಡಿತು.

ಸಹನಾಳ ದನಿ ಏರಲಿಲ್ಲ. "ಲಗ್ನದ ಮುಂದ ನಿನ್ನ ಕೇಳಿದ್ನಲ್ಲ ಆಯಿ?"

"ಕೇಳಿದ್ದಿ."

"ನನ್ನ ಕೂಸಿನ ಕುತ್ತಿಗಿ ನೋಡಿದ ದಿನಾನ ನಿನಗ ತಿಳದಿತ್ತು."

"ತಿಳದಿತ್ತು."

ತಿಪ್ಪಣ್ಣ ಹಾಳೆಯಿಂದ ಕಣ್ಣು ತೆಗೆಯದೆ ಕೇಳಿದ, "ತಿಪ್ಪಿ ಕೂಸು ಅಂದ್ರಂತ ಸಾಲ್ಯಾಗ ಹೊಡದಾಡಿ ಹಲ್ಲು ಮುರಕೊಂಡು ಬಂದಿದ್ನಿ. ಆವತ್ತರ ಯಾಕ ಹೇಳಲಿಲ್ಲ ಯವ್ವ?"

"ಹಲ್ಲು ಹ್ವಾದ್ರ ಹೋಗ್ಲಿ. ನೀ ಇರಬೇಕಾಗಿತ್ತು."

ಮೇಡಂ ತಾನೇ ಎದ್ದು ಅವರಿಬ್ಬರನ್ನು ರಕ್ತ ತೆಗೆಯುವಲ್ಲಿಗೆ ಕರೆದೊಯ್ದಳು. ಆ ಹಾಳೆಯ ನಕಲು ಒಂದನ್ನು ನನಗೆ ಕೊಟ್ಟಳು. ಎರಡು ವಾರಕ್ಕೆ ವರದಿ ಬಂತು. ಇಬ್ಬರಲ್ಲೂ ಆ ರೋಗ ಅಡಗಿತ್ತು. ಅಂಥವರ ಚೌಕವನ್ನೂ ದುಂಡನ್ನೂ ಅರ್ಧ ಮಾತ್ರ ಕಪ್ಪು ಮಾಡುತ್ತಾರೆ. ಪ್ರತಿ ಬಸುರಿಗೂ ನಾಲ್ಕರಲ್ಲಿ ಒಂದು ಪಾಲು ಕುತ್ತು. ಆಮೇಲೆ ದೊಡ್ಡ ಊರಿಗೆ ಹೋಗಿ ಕೂಸಿನ ಪರೀಕ್ಷೆಗೆ ಗರ್ಭದ ನೀರು ತೆಗೆಸಿದರು. ಅದರ ವರದಿಗೆ ಕಾದ ಇಪ್ಪತ್ತು ದಿನ ಸಹನಾ ಮಾರೆವ್ವನ ಕೈಯ ರೊಟ್ಟಿ ತಿನ್ನಲಿಲ್ಲ, ಮುಖ ಕೊಟ್ಟು ಮಾತಾಡಲಿಲ್ಲ. ಮಾರೆವ್ವ ತಾನಾಗಿಯೇ ಹಜರತಬೀಯ ಮನೆಯ ಪಡಸಾಲೆಗೆ ಹೋಗಿ ಇದ್ದಳು.

ವರದಿ ಬಂದದ್ದನ್ನು ಓದಿದವನು ನಾನೇ. ಕೂಸು ತಾಯಿ ತಂದೆಯಂತೆ, ರೋಗವನ್ನು ಹೊತ್ತಿದೆ, ರೋಗಿಯಲ್ಲ. ತಿಪ್ಪಣ್ಣ ಗೋಡೆಗೆ ಆತು ಕೆಳಗೆ ಕೂತುಬಿಟ್ಟ. ಸಹನಾ ಎರಡನೆಯ ಸಲ ಓದಿಸಿದಳು, ಮೂರನೆಯ ಸಲ ತಾನೇ ಓದಿಕೊಂಡಳು. ಮಾರೆವ್ವನಿಗೆ ಹೇಳಲು ನನ್ನನ್ನೇ ಕಳಿಸಿದಳು. ಮಾರೆವ್ವ ಕೇಳಿ, "ಅದು ಉಳೀತು. ಇವಂದು?" ಎಂದಳು.

ತಾನು ಹಡೆದವನೆಂದು ಬಾಯಿಬಿಟ್ಟದ್ದನ್ನು ಸಾವು ಕೇಳಿಸಿಕೊಂಡಿತೆಂಬ ಅವಳ ಅಂಜಿಕೆ ಹೋಗಲಿಲ್ಲ. ಅಂದಿನಿಂದ ದಿನಾ ಬೆಳಗು ಹರಿಯುವಾಗ ಓಣಿ ದಾಟಿ ಮಗನ ಬಾಗಿಲಿಗೆ ಬಂದು ನಿಲ್ಲುತ್ತಾಳೆ. ಕೂಗುವುದಿಲ್ಲ, ಕದ ತಟ್ಟುವುದಿಲ್ಲ, ಒಳಗಿನ ಸಪ್ಪಳಕ್ಕೆ ಕಿವಿಗೊಟ್ಟು ನಿಂತಿರುತ್ತಾಳೆ. ಹದಿನೈದು ದಿನ ಸಹನಾ ಕಂಡೂ ಕಾಣದಂತೆ ಅಂಗಳ ಗುಡಿಸಿದಳು. ಮೊನ್ನೆ ಐದು ತಿಂಗಳ ಹೊಟ್ಟೆ ಹೊತ್ತು, ಕಸಬರಿಗೆ ಕೈಯಲ್ಲಿ ಹಿಡಿದು ಕದ ಪೂರಾ ತೆಗೆದಳು.

"ಉಸಿರಾಡಾಕತ್ತಾನ, ಗೊರಕಿನೂ ಹೊಡ್ಯಾಕತ್ತಾನ. ಒಳಗ ಬಂದು ನೋಡೂದಾದ್ರ ನೋಡು. ಬಾಗಲಾಗ ಹಿಂಗ ನಿಂದರಬ್ಯಾಡ, ಗಾಳಿ ಐತಿ."

ಮಾರೆವ್ವ ಹೊಸ್ತಿಲ ಈಚೆಯಿಂದಲೇ ಕತ್ತು ಚಾಚಿ, ಕಂಬಳಿ ಏರಿ ಇಳಿಯುವುದನ್ನು ನೋಡಿದಳು. ಒಳಗೆ ಕಾಲಿಡದೆ ಹಜರತಬೀಯ ಮನೆಯ ಕಡೆ ನಡೆದಳು.