ಮುಂದೆ ಯಾರೂ ಇಲ್ಲದ ನಡಿಗೆ

ಟೊಕುಜೋ ಅಣ್ಣನಷ್ಟು ಸಲ ಸತ್ತವನು ಇಡೀ ಕ್ಯೋಟೋದಲ್ಲಿ ಇನ್ನೊಬ್ಬನಿಲ್ಲ. ನಮ್ಮ ಸ್ಟುಡಿಯೋದ ಕತ್ತಿವರಸೆ ಚಿತ್ರಗಳಲ್ಲಿ ನಾಯಕನ ಏಟಿಗೆ ಬೀಳುವುದೇ ಅವನ ಕಸುಬು. ಹತ್ತೊಂಬತ್ತು ವರ್ಷ ಬಿದ್ದ. ಪೋಸ್ಟರಿನಲ್ಲಿ ಒಮ್ಮೆಯೂ ಹೆಸರು ಬರಲಿಲ್ಲ. ನಾನಿಂದು ಮನುಷ್ಯನಾಗಿದ್ದರೆ ಅದು ಅವನಿಂದ, ಹೇಳಲು ನನಗೇನೂ ನಾಚಿಕೆಯಿಲ್ಲ.

ನಾನು ಕಬುಕಿ ನಾಟಕದ ಮೇಳ ಬಿಟ್ಟು ಬಂದವನು. ಮೊದಲ ಚಿತ್ರಕ್ಕೇ ನಾಯಕನ ಪಾತ್ರ ಸಿಕ್ಕಿತ್ತು: ಒಡೆಯನಿಲ್ಲದ ಅಲೆಮಾರಿ ಸಮುರಾಯ್. ಧೂಳೆದ್ದ ಬೀದಿಯಲ್ಲಿ ಒಂಟಿಯಾಗಿ ನಡೆದು ಬರಬೇಕು, ಅಷ್ಟೇ. ಹನ್ನೊಂದು ಸಲ ನಡೆದರೂ ನಿರ್ದೇಶಕ ಹಿರಾತ್ಸುಕರ ಹುಬ್ಬು ಸಡಿಲವಾಗಲಿಲ್ಲ.

"ಏನಪ್ಪಾ, ಸ್ನಾನದ ಮನೆಗೆ ಹೊರಟ ಗುಮಾಸ್ತನ ಹಾಗೆ ಬರ್ತೀಯ. ಊಟದ ಹೊತ್ತಿನ ತನಕ ನೋಡ್ತೀನಿ. ಆಗ್ಲಿಲ್ಲ ಅಂದ್ರೆ ಬೇರೆಯವರಿದ್ದಾರೆ."

ಬಿಟ್ಟುಬಂದ ಶಿಷ್ಯನನ್ನು ಮೇಳ ಮತ್ತೆ ಸೇರಿಸುವುದಿಲ್ಲ. ಈ ಪಾತ್ರವೂ ಹೋದರೆ ನನಗೆ ದಿಕ್ಕಿರಲಿಲ್ಲ.

ಸೆಟ್ಟಿನ ಬಾವಿಕಟ್ಟೆಯ ಮೇಲೆ ಸಿಗರೇಟು ಸೇದುತ್ತಿದ್ದ ಟೊಕುಜೋ ಅಣ್ಣ ಕರೆದ.

"ಮೇಳದಲ್ಲಿ ಗುರುಗಳ ಚೀಲ ಎಷ್ಟು ವರ್ಷ ಹೊತ್ತೆ?"

"ಒಂಬತ್ತು ವರ್ಷ, ಅಣ್ಣ."

"ಅದಕ್ಕೇ. ಇವತ್ತೂ ಅವರ ಹಿಂದೇನೇ ನಡೀತಿದ್ದೀಯ. ಮೂರು ಹೆಜ್ಜೆ ಬಿಟ್ಟು, ಬೀದಿ ಅಂಚಿಗೆ, ಅವರ ನೆರಳು ತುಳಿಯದ ಹಾಗೆ. ಒಡೆಯನೇ ಇಲ್ಲದೋನು ಯಾರಿಗೆ ದಾರಿ ಬಿಡ್ತಾನೋ, ಮಂಕೇ?"

"ಮತ್ತೆ ಹೇಗೆ ನಡೀಲಿ?"

"ನಡುಬೀದೀಲಿ. ನಿಧಾನಕ್ಕೆ. ನಿನ್ನನ್ನ ಯಾರೂ ಕಾಯ್ತಾ ಇಲ್ಲ."

ಹೆಬ್ಬಾಗಿಲವರೆಗೆ ತಾನೇ ನಡೆದು ತೋರಿಸಿದ. ಹಸಿದವ, ಯಾರಿಗೂ ಬೇಡದವ, ಆದರೂ ಬೀದಿ ಪೂರ್ತಿ ಅವನದೇ ಅನ್ನಿಸಿತು. ಹನ್ನೆರಡನೆಯ ಸಲ ನಾನೂ ಹಾಗೇ ಬಂದೆ. "ಸರಿ, ಇದೇ ಇರಲಿ" ಎಂದರು ಹಿರಾತ್ಸುಕ. ಮಧ್ಯಾಹ್ನ ನನ್ನ ಮೊದಲ ಏಟಿಗೆ ಬಿದ್ದವನೂ ಟೊಕುಜೋ ಅಣ್ಣನೇ.

ಸಂಜೆ ವೇಷ ಕಳಚಲು ಹೋದಾಗ ಉಡುಪಿನ ಕೋಣೆಯ ಕಿನು ಅಕ್ಕ ಒಂದು ಕಿಮೋನೋದ ಹೊಲಿಗೆ ಬಿಚ್ಚುತ್ತಿದ್ದಳು. ಥೇಟ್ ನನ್ನ ವೇಷವೇ, ಅಳತೆ ಮಾತ್ರ ಗಿಡ್ಡ.

"ಇದ್ಯಾರಿಗಕ್ಕ?"

"ಟೊಕುಜೋಗೆ. ನೀನು ಮುಗ್ಗರಿಸಿದ್ರೆ ಊಟ ಆದ್ಮೇಲೆ ಅವನೇ ನಾಯಕ. ಬೆಳಗ್ಗೆ ಅವನೇ ಬಂದು ತೊಟ್ಟು ನೋಡಿ ಹೋದ."

ಓಡಿದೆ. ನಲ್ಲಿಯಡಿ ಕತ್ತಿನ ಧೂಳು ತೊಳೆಯುತ್ತಿದ್ದವನ ಮುಂದೆ ಹಣೆ ನೆಲಕ್ಕಿಟ್ಟು ಅತ್ತುಬಿಟ್ಟೆ.

"ಯಾಕಣ್ಣ ಹೇಳಿಕೊಟ್ಟೆ?"

"ಏಳೋ, ಬಟ್ಟೆ ಕೆಸರಾಗುತ್ತೆ. ತಪ್ಪು ಕಣ್ಣಿಗೆ ಬಿತ್ತು. ಬಾಯಿ ಮುಚ್ಕೊಂಡಿದ್ದಿದ್ರೆ ಉಂಡ ಅನ್ನ ಮೈಗೆ ಹತ್ತುತ್ತಿರ್ಲಿಲ್ಲ."

ಆಮೇಲೆ ನಾನು ನಲವತ್ತೊಂದು ಚಿತ್ರಗಳಲ್ಲಿ ನಾಯಕನಾದೆ. ಅವನಿಗೆ ಆ ಅವಕಾಶ ಮತ್ತೆ ಬರಲೇ ಇಲ್ಲ.